ಪಿಕ್ಚರಮ್ಮನ ಏಳು ಸೆಕೆಂಡು

ಅವಳ ಗಂಡ ಮೂವತ್ತೆಂಟು ವರ್ಷ ಪರದೆಯ ಮೇಲೆ ಸಾಯುತ್ತಲೇ ಇದ್ದ. ಆಮೇಲೆ ಒಂದು ಮಂಗಳವಾರ ಬೆಳಿಗ್ಗೆ ಮನೆಯಲ್ಲಿ ಸತ್ತ.

ಇದನ್ನು ಸ್ವಲ್ಪ ಬಿಡಿಸಿ ಹೇಳದಿದ್ದರೆ ತಲೆಬುಡ ತಿಳಿಯುವುದಿಲ್ಲ. ಕಾಗದದ ಕಾರ್ಖಾನೆಗೆ ಬೆಂಕಿ ಬಿದ್ದಾಗ ಅವಳಿಗೆ ಇಪ್ಪತ್ತೆರಡು ವರ್ಷ. ಗಂಡ ಅಲ್ಲಿ ಬಾಯ್ಲರ್ ನೋಡಿಕೊಳ್ಳುತ್ತಿದ್ದ. ಹೊಗೆ ಕಂಡದ್ದೇ ತಡ, ಒಂದು ಚಪ್ಪಲಿ ಕಾಲಲ್ಲಿ, ಇನ್ನೊಂದು ಕೈಯಲ್ಲಿ ಹಿಡಿದುಕೊಂಡು ಅವಳು ಗೇಟಿನವರೆಗೂ ಓಡಿದಳು. ಅಲ್ಲಿ ಅವಳಿಗಿಂತ ಮುಂಚೆ ಒಬ್ಬ ಕ್ಯಾಮೆರಾದವನು ಬಂದು ನಿಂತಿದ್ದ. ಥಿಯೇಟರಿನಲ್ಲಿ ಪಿಕ್ಚರ್ ಶುರುವಾಗುವ ಮುಂಚೆ ಸುದ್ದಿಚಿತ್ರ ತೋರಿಸುತ್ತಿದ್ದ ಕಾಲ ಅದು. ಎರಡು ವಾರ ಕಳೆಯುವುದರೊಳಗೆ ಅವಳು ಎಲ್ಲ ಊರಿನ ಪರದೆಯ ಮೇಲೂ ಬಂದಳು. ಕಪ್ಪು ಬಿಳುಪಿನಲ್ಲಿ, ಬಾಯಿ ತೆರೆದು, ಕಲ್ಲೂ ಕರಗುವ ಹಾಗೆ ಅಳುವ ಮುಖ. ಅಷ್ಟೇ, ಏಳು ಸೆಕೆಂಡು. ಹಿನ್ನೆಲೆಯಲ್ಲಿ ಗಂಟಲು ದಪ್ಪ ಮಾಡಿಕೊಂಡ ಒಬ್ಬ ಮಹಾಶಯ, ಗಂಡನನ್ನು ಕಳೆದುಕೊಂಡ ಈ ತರುಣಿಯ ದುಃಖಕ್ಕೆ ಎಣೆಯುಂಟೆ ಎಂದು ಕೇಳುತ್ತಿದ್ದ. ಕಳೆದುಹೋದ ಗಂಡ ಅವಳ ಪಕ್ಕದ ಸೀಟಿನಲ್ಲೇ ಕೂತು ಕಡಲೆಕಾಯಿ ಸುಲಿಯುತ್ತಿದ್ದ.

ಆ ಬೆಂಕಿಯಲ್ಲಿ ಹತ್ತೊಂಬತ್ತು ಜನ ನಿಜವಾಗಿ ಹೋದರು. ಅವರ ಹೆಂಡತಿಯರಲ್ಲಿ ಒಬ್ಬಳೂ ಫಿಲ್ಮಿಗೆ ಬರಲಿಲ್ಲ. ಅವರಲ್ಲಿ ಕೆಲವರು ಗೇಟಿನ ಹತ್ತಿರ ಮೂರ್ಛೆ ಹೋಗಿ ಬಿದ್ದಿದ್ದರು, ಕೆಲವರು ಗೋಡೆಗೆ ಒರಗಿ ಸುಮ್ಮನೆ ಕೂತಿದ್ದರು, ಮತ್ತೆ ಕೆಲವರಿಗೆ ಸುದ್ದಿಯೇ ಮುಟ್ಟಿರಲಿಲ್ಲ. ಚೆನ್ನಾಗಿ ಅತ್ತವಳು ಇವಳೊಬ್ಬಳೇ. ಕ್ಯಾಮೆರಾದವನ ತಪ್ಪು ಎನ್ನುವ ಹಾಗೂ ಇಲ್ಲ. ಅಳುವವರನ್ನು ಬಿಟ್ಟು ಸುಮ್ಮನೆ ಕೂತವರನ್ನು ತೆಗೆದರೆ ಅವನ ಯಜಮಾನರು ಬೈಯುತ್ತಿದ್ದರು.

ಬೀದಿಯವರು ಅವಳನ್ನು ಪಿಕ್ಚರಮ್ಮ ಎಂದು ಕರೆದರು. ಅವಳ ಗಂಡನಿಗೆ ದಿವಂಗತ ಎಂಬ ಹೆಸರು ಬಿತ್ತು. ಟೀ ಅಂಗಡಿಯಲ್ಲಿ ಅವನನ್ನು ಕಂಡ ಕೂಡಲೇ, ದಿವಂಗತರು ಬಂದರು, ಸ್ಟ್ರಾಂಗಾಗಿ ಒಂದು ಹಾಕು ಎಂದು ಯಾರಾದರೂ ಕೂಗುತ್ತಿದ್ದರು. ಬೇರೆಯವನಾಗಿದ್ದರೆ ಜಗಳಕ್ಕೆ ನಿಲ್ಲುತ್ತಿದ್ದ. ಇವನು ಆ ಹೆಸರನ್ನು ಕೊರಳಿಗೆ ಕಟ್ಟಿಕೊಂಡ ಪದಕದಂತೆ ಮೆರೆಸಿದ. ರೈಲಿನಲ್ಲಿ ಎದುರು ಕೂತ ಗುರುತಿಲ್ಲದವರಿಗೂ ಹೆಂಡತಿಯನ್ನು ತೋರಿಸಿ, ಇವಳು ಗಂಡ ಸತ್ತವಳು, ಪಾಪ, ನಾನು ಜೊತೆಗೆ ಬಂದಿದ್ದೇನೆ ಅಷ್ಟೇ ಎನ್ನುತ್ತಿದ್ದ. ಅವಳು ತಲೆ ಚಚ್ಚಿಕೊಳ್ಳುತ್ತಿದ್ದಳು.

ಸುದ್ದಿಚಿತ್ರದ ಕಾಲ ಮುಗಿದು ಟೀವಿಯ ಕಾಲ ಬಂತು. ಏಳು ಸೆಕೆಂಡು ಮಾತ್ರ ಸಾಯಲಿಲ್ಲ. ಬೆಂಕಿ ಬಿದ್ದ ತಾರೀಕು ಬಂದಾಗಲೆಲ್ಲ ಅದನ್ನು ಹಾಕುತ್ತಿದ್ದರು. ಬೇರೆಲ್ಲೋ ಯಾವುದೋ ಗೋದಾಮು ಸುಟ್ಟರೂ, ಹೊಸ ಚಿತ್ರ ಕೈಗೆ ಸಿಗುವವರೆಗೆ ಇವಳನ್ನೇ ಅಳಿಸುತ್ತಿದ್ದರು. ಗಂಡಹೆಂಡತಿ ಇಬ್ಬರೂ ಊಟದ ತಟ್ಟೆ ಹಿಡಿದು ನೋಡುತ್ತಿದ್ದರು. ಅವನು ಪ್ರತಿ ಸಲವೂ, "ನೋಡು, ಇನ್ನೊಂದ್ಸಲ ಹೋದೆ ನಾನು," ಎಂದು ಹೇಳಿ ಎರಡನೇ ಸಲಕ್ಕೆ ಅನ್ನ ಕೇಳುತ್ತಿದ್ದ.

ಅವನು ಸತ್ತದ್ದು ಹೇಗೆಂದರೆ, ಶೂ ಹಾಕಿಕೊಳ್ಳಲು ಬಾಗಿಲ ಹತ್ತಿರದ ಸ್ಟೂಲಿನ ಮೇಲೆ ಕೂತ, ಮತ್ತೆ ಏಳಲಿಲ್ಲ. ಅರವತ್ತಾರು ವರ್ಷ. ಅವಳು ಒಳಗಿನಿಂದ, ಛತ್ರಿ ತಗೊಂಡ್ರಾ ಎಂದು ಕೇಳಿದಳು. ಉತ್ತರ ಬರಲಿಲ್ಲ. ಉತ್ತರ ಕೊಡದೆ ಹೋಗುವುದು ಅವನ ಜಾಯಮಾನವೇ ಆದ್ದರಿಂದ ಅವಳು ಸಿಂಕಿನಲ್ಲಿದ್ದ ಲೋಟ ಎರಡನ್ನೂ ತೊಳೆದು, ಕೈ ಒರೆಸಿಕೊಂಡು ಆಮೇಲೆ ಹೊರಗೆ ಬಂದಳು. ಎಡಗಾಲಿನ ಶೂ ಹಾಕಿ ಲೇಸು ಕಟ್ಟಿಯಾಗಿತ್ತು. ಅವಳು ಬಗ್ಗಿ ಅದನ್ನು ಬಿಚ್ಚಿ ತೆಗೆದು, ಗೋಡೆಯ ಪಕ್ಕ ಜೋಡಿಸಿಟ್ಟಳು. ಆಮೇಲೆ ಮಗಳಿಗೆ ಫೋನು ಮಾಡಿದಳು.

ಜನ ಬಂದರು. ಕುರ್ಚಿ ಸಾಲದೆ ಪಕ್ಕದ ಮನೆಯಿಂದ ತಂದರು. ಎಲ್ಲರೂ ದುಃಖದಿಂದಲೇ ಬಂದವರು, ಅದರಲ್ಲಿ ಅನುಮಾನವಿಲ್ಲ. ಆದರೂ ಒಂದು ಕಣ್ಣು ಅವಳ ಮೇಲಿತ್ತು. ಇಡೀ ದೇಶಕ್ಕೆ ಅತ್ತು ತೋರಿಸಿದವಳು ಸ್ವಂತ ಮನೆಯಲ್ಲಿ ಹೇಗೆ ಅಳುತ್ತಾಳೋ ನೋಡೋಣ ಎಂಬಂತಿತ್ತು. ಅವಳು ಅಳಲಿಲ್ಲ. ಬಂದವರಿಗೆ ನೀರು ಕೊಟ್ಟಳು. ಯಾರೋ ತಬ್ಬಿಕೊಂಡರೆ ತಬ್ಬಿಸಿಕೊಂಡಳು. ಕೈ ಹಿಡಿದರೆ ಬಿಡುವವರೆಗೂ ಕಾದಳು. ಗಂಡನ ತಂಗಿ, ಅಂದರೆ ಅವಳ ನಾದಿನಿ, ಮೂರು ದಿನ ತಡೆದುಕೊಂಡು ನಾಲ್ಕನೇ ದಿನ ಅಡುಗೆಮನೆಯಲ್ಲಿ ಬಾಯಿಬಿಟ್ಟಳು.

"ಅಣ್ಣ ಸುಳ್ಳುಸುಳ್ಳೇ ಸತ್ತಾಗ ಅಷ್ಟು ಅತ್ತೆಯಲ್ಲ ಅತ್ತಿಗೆ. ಈಗ ನಿಜವಾಗಿ ಸತ್ತಿದಾನೆ, ಒಂದು ಹನಿ ಇಲ್ವಲ್ಲ."

ಅವಳಿಗೆ ಕೋಪ ಬರಬೇಕಿತ್ತು. ಬರಲಿಲ್ಲ. ಹೌದಲ್ಲ ಎನಿಸಿತು. ನಿನ್ನ ಟೀಗೆ ಸಕ್ಕರೆ ಎಷ್ಟು ಎಂದು ಕೇಳಿದಳು.

ಆರನೇ ದಿನ ಅವಳು ಕೆಲಸಕ್ಕೆ ಹೋದಳು. ಮೂವತ್ತು ವರ್ಷದಿಂದ ಅವಳು ಒಂದು ಬೈಂಡಿಂಗ್ ಅಂಗಡಿಯಲ್ಲಿ ಪುಸ್ತಕ ಹೊಲಿಯುತ್ತಿದ್ದಳು. ಅಚ್ಚಾಗಿ ಬಂದ ದೊಡ್ಡ ಹಾಳೆಯನ್ನು ಮೂರು ಸಲ ಮಡಚಿದರೆ ಹದಿನಾರು ಪುಟದ ಒಂದು ಫಾರಂ ಆಗುತ್ತದೆ. ಫಾರಂಗಳನ್ನು ಒಂದರ ಮೇಲೊಂದು ಇಟ್ಟು ಬೆನ್ನಿನಲ್ಲಿ ಸೂಜಿ ಹಾಯಿಸಬೇಕು. ಕೈಗೆ ಬಂದ ಕೆಲಸವಾದ್ದರಿಂದ ತಲೆ ಬೇಕಾಗುವುದಿಲ್ಲ, ಮತ್ತು ಆ ದಿನಗಳಲ್ಲಿ ಅವಳ ಹತ್ತಿರ ತಲೆ ಇರಲಿಲ್ಲ ಎಂದೇ ಹೇಳಬೇಕು. ಸೂಜಿ ಬೆರಳಿಗೆ ಚುಚ್ಚಿ ರಕ್ತ ಹಾಳೆಗೆ ಹತ್ತಿದ್ದು ಪಕ್ಕದವಳು ಹೇಳಿದ ಮೇಲೆ ಗೊತ್ತಾಯಿತು. ನೋಯಲಿಲ್ಲವೇ ಎಂದು ಪಕ್ಕದವಳೇ ಕೇಳಿದಳು. ಇವಳು ಯೋಚಿಸಿ, ಇಲ್ಲ ಎಂದಳು. ಮನೆಗೆ ಬಂದು ಇಬ್ಬರಿಗೆ ಅಕ್ಕಿ ಅಳೆದು, ಅರ್ಧವನ್ನು ಡಬ್ಬಿಗೆ ವಾಪಸು ಸುರಿದು, ಒಬ್ಬಳಿಗೆ ಬೇಯಿಸಿದಳು. ಬೇಜಾರೂ ಆಗಲಿಲ್ಲ. ಅಕ್ಕಿ ವಾಪಸು ಹೋಯಿತು, ಅಷ್ಟೇ.

ಅದೊಂದು ದಿನ ಸಂಜೆ ಎಲ್ಲೋ ಬಣ್ಣದ ಡಬ್ಬಿಗಳ ಗೋದಾಮಿಗೆ ಬೆಂಕಿ ಬಿತ್ತು. ಟೀವಿಯವರಿಗೆ ಚಿತ್ರ ಸಿಕ್ಕಿರಲಿಲ್ಲ. ತಟ್ಟೆ ಹಿಡಿದು ಕೂತಿದ್ದ ಅವಳ ಎದುರಿಗೆ ಅವಳೇ ಬಂದಳು. ಬಾಯಿ ತೆರೆದು ಅತ್ತಳು. ಕೆಳಗೆ ಪಟ್ಟಿಯಲ್ಲಿ ಅಕ್ಷರ ಹಾಯ್ದುಹೋಯಿತು: ಗಂಡನನ್ನು ಕಳೆದುಕೊಂಡ ಮಹಿಳೆ, ಹಳೆಯ ಚಿತ್ರ. ಏಳು ಸೆಕೆಂಡು ಮುಗಿದು ಜಾಹೀರಾತು ಬಂತು. ಇನ್ನೊಂದ್ಸಲ ಹೋದೆ ನಾನು ಎನ್ನಲು ಪಕ್ಕದಲ್ಲಿ ಯಾರೂ ಇರಲಿಲ್ಲ.

ಅವಳಿಗೆ ಹೊಳೆದದ್ದು ಇಷ್ಟು. ಆ ಫಿಲ್ಮು ಮೂವತ್ತೆಂಟು ವರ್ಷ ಸುಳ್ಳು ಹೇಳಿಕೊಂಡು ಬಂತು, ಅವರಿಬ್ಬರೂ ನಗುತ್ತಾ ಬಂದರು. ಈಗ ಅದು ಕಾದು ಕೂತು ಗೆದ್ದಿತು. ಇನ್ನು ಮುಂದೆ ಅದನ್ನು ನೋಡುವವರಿಗೆ ಅವನು ಆ ದಿನವೇ ಸತ್ತವನು. ಆಮೇಲಿನ ಮೂವತ್ತೆಂಟು ವರ್ಷ ಇರಲೇ ಇಲ್ಲ. ಅವನ ಗೊರಕೆ, ಅವನ ಛತ್ರಿ, ರೈಲಿನ ತಮಾಷೆ ಯಾವುದೂ ಇಲ್ಲ. ತಟ್ಟೆ ಕೆಳಗಿಟ್ಟು ಮಗಳಿಗೆ ಫೋನು ಮಾಡಿ, ನೀನೇನೋ ಅರ್ಜಿ ಹಾಕಿದ್ದೆಯಲ್ಲ, ಅದೇನಾಯಿತು ಎಂದು ಕೇಳಿದಳು.

ಮಗಳು ಆಸ್ಪತ್ರೆಯಲ್ಲಿ ಹೆಸರು ಬರೆದುಕೊಳ್ಳುವ ಕೌಂಟರಿನಲ್ಲಿ ಕೂರುವವಳು. ಬದುಕಿದ್ದವರನ್ನು ಸತ್ತವರೆಂದು ಬರೆಯುವುದು ಅವಳ ವೃತ್ತಿಯಲ್ಲಿ ಮಹಾಪಾಪ. ಹಳೆಯ ಸುದ್ದಿಚಿತ್ರಗಳನ್ನೆಲ್ಲ ಜೋಪಾನ ಮಾಡುವ ಒಂದು ಕಚೇರಿ ಇದೆಯೆಂದೂ, ಅಲ್ಲಿ ಪ್ರತಿ ತುಂಡು ಫಿಲ್ಮಿಗೂ ಒಂದು ಕಾರ್ಡು ಇದೆಯೆಂದೂ, ಟೀವಿಯವರು ಆ ಕಾರ್ಡು ನೋಡಿಯೇ ಅಕ್ಷರ ಹಾಕುತ್ತಾರೆಂದೂ ಪತ್ತೆ ಹಚ್ಚಿ, ಕಾರ್ಡು ತಿದ್ದಬೇಕೆಂದು ಅಪ್ಪನ ಕೈಯಲ್ಲಿ ಹಿಂದಿನ ವರ್ಷ ಅರ್ಜಿ ಹಾಕಿಸಿದ್ದಳು. ಸತ್ತು ಇಷ್ಟು ವರ್ಷವಾಯಿತು, ಈಗ ಯಾಕಮ್ಮ ಎಬ್ಬಿಸುತ್ತೀಯ ಎಂದು ಗೊಣಗುತ್ತಲೇ ಅವನು ಸಹಿ ಹಾಕಿದ್ದ. ಕಚೇರಿಯವರು ಕಚೇರಿಯವರ ಹಾಗೆಯೇ ನಡೆದುಕೊಂಡರು. ಉತ್ತರ ಬಂದದ್ದು ಅವನು ಹೋಗಿ ಐವತ್ತು ದಿನಕ್ಕೆ. ಅರ್ಜಿದಾರರು ತಾವು ಜೀವಂತ ಇರುವುದಕ್ಕೆ ಸಾಕ್ಷಿಯಾಗಿ ಗುರುತಿನ ಚೀಟಿಯೊಂದಿಗೆ ಖುದ್ದು ಹಾಜರಾಗಬೇಕು ಎಂದು ಅದರಲ್ಲಿತ್ತು.

ಹೋಗಿ ಏನು ಮಾಡುವುದು ಎಂದು ಮಗಳು ಕೇಳಿದಳು. "ಅವತ್ತು ಸಾಯಲಿಲ್ಲ ಅಂತ ಬರೆಸಿಕೊಂಡು ಬರೋಣ," ಎಂದಳು ಅಮ್ಮ. ಅವಳ ದನಿಯಲ್ಲಿ ಹಟವೂ ಇರಲಿಲ್ಲ, ದುಃಖವೂ ಇರಲಿಲ್ಲ. ಸೋಪು ತರೋಣ ಎಂದ ಹಾಗಿತ್ತು.

ಆ ಕಚೇರಿ ಮೂರನೇ ಮಹಡಿಯಲ್ಲಿತ್ತು. ತಂಪು ಮಾಡಿಟ್ಟ ಉದ್ದನೆಯ ಕೋಣೆ, ಸಾಲುಸಾಲು ಕಬ್ಬಿಣದ ರ‍್ಯಾಕು, ರ‍್ಯಾಕಿನ ತುಂಬ ದುಂಡನೆಯ ಟಿನ್ನು ಡಬ್ಬಿಗಳು. ಹುಳಿ ಹುಳಿಯಾದ ಒಂದು ವಾಸನೆ. ಹಳೆಯ ಫಿಲ್ಮು ಕೆಡುವಾಗ ಹಾಗೆ ಬರುತ್ತದಂತೆ. ಕಾರ್ಡುಗಳ ಉಸ್ತುವಾರಿ ನೋಡುತ್ತಿದ್ದ ಮೇಡಂ ಬಿಳಿ ಬಟ್ಟೆಯ ಕೈಗವಸು ಹಾಕಿಕೊಂಡಿದ್ದಳು, ಸ್ವೆಟರ್ ತೊಟ್ಟಿದ್ದಳು. ನಲವತ್ತರ ಆಸುಪಾಸು. ಜನರಿಗಿಂತ ಡಬ್ಬಿಗಳ ಜೊತೆ ಹೆಚ್ಚು ಕಾಲ ಕಳೆದವಳೆಂದು ನೋಡಿದರೇ ತಿಳಿಯುತ್ತಿತ್ತು. ಪಿಕ್ಚರಮ್ಮ ಒಳಗೆ ಬಂದಾಗ ಅವಳು ಎದ್ದು ನಿಂತು, ಹಾಗೇ ನೋಡಿದಳು. ಆ ಮುಖವನ್ನು ಅವಳು ಸಾವಿರ ಸಲ ನೋಡಿದ್ದಳು. ಅಳದೆ ಇರುವುದನ್ನು ಇದೇ ಮೊದಲು ನೋಡುತ್ತಿದ್ದಳು.

ಯಜಮಾನರು ಬರಲಿಲ್ಲವೇ ಎಂದು ಮೇಡಂ ಅರ್ಜಿ ತಿರುವಿ ಹಾಕುತ್ತಾ ಕೇಳಿದಳು. ತೀರಿಕೊಂಡರು ಎಂದು ಮಗಳು ಹೇಳಿದಳು.

"ಅಯ್ಯೋ. ಹಾಗಾದ್ರೆ ಕಾರ್ಡಿನಲ್ಲಿ ಇರೋದು ಈಗ ಸರಿಯಾಗೇ..." ಎಂದವಳು ನಾಲಿಗೆ ಕಚ್ಚಿಕೊಂಡಳು.

ಮಗಳ ಮುಖ ಕೆಂಪಾಯಿತು. ಅಮ್ಮ ಮಾತ್ರ, ಅದೇ ಆಗಬಾರದು ಅಂತ ಬಂದಿದ್ದೇವೆ ಎಂದು ತಣ್ಣಗೆ ಹೇಳಿ, ಕೇಳದೆಯೇ ಕುರ್ಚಿ ಎಳೆದುಕೊಂಡು ಕೂತಳು.

ಮಗಳು ತನ್ನ ಗುರುತಿನ ಚೀಟಿಯನ್ನು ಮೇಜಿನ ಮೇಲೆ ಬಡಿದ ಹಾಗೆ ಇಟ್ಟಳು. "ಬೆಂಕಿ ಬಿದ್ದು ಎರಡು ವರ್ಷದ ಮೇಲೆ ನಾನು ಹುಟ್ಟಿದ್ದು. ಅಪ್ಪ ಅವತ್ತೇ ಹೋಗಿದ್ರೆ ನಾನು ಯಾರ ಮಗಳು? ಬರೀರಿ ಮೇಡಂ, ಅದನ್ನೂ ಕಾರ್ಡಿನಲ್ಲಿ ಬರೀರಿ."

ಮೇಡಂ ನಗಲೂ ಆಗದೆ ಇರಲೂ ಆಗದೆ ಚೀಟಿಯನ್ನು ಎರಡು ಕೈಯಲ್ಲಿ ಹಿಡಿದು ವಾಪಸು ಕೊಟ್ಟಳು. ನೀವು ಹೇಳುವುದು ನಿಜವೇ, ಆದರೆ ಇಲ್ಲಿ ಒಂದು ಪದ್ಧತಿ ಇದೆ ಎಂದು ವಿವರಿಸಿದಳು. ಕಾರ್ಡಿನಲ್ಲಿ ಫಿಲ್ಮಿನೊಳಗೆ ಕಣ್ಣಿಗೆ ಕಂಡದ್ದನ್ನು ಮಾತ್ರ ಬರೆಯಬೇಕು. ಗಂಡ ಸತ್ತವಳು ಎಂಬುದು ಕಣ್ಣಿಗೆ ಕಾಣುವ ಸಂಗತಿಯಲ್ಲ. ಸುದ್ದಿಚಿತ್ರದ ಮಾತು ಬರೆದವನು ಊಹೆಯಿಂದ ಬರೆದದ್ದನ್ನು ಆಗಿನ ಗುಮಾಸ್ತ ಕಾರ್ಡಿಗೆ ನಕಲು ಮಾಡಿಬಿಟ್ಟಿದ್ದಾನೆ, ಅದು ಅವರ ಕಡೆಯ ತಪ್ಪೇ. ಆದರೆ ಅದನ್ನು ಹೊಡೆದುಹಾಕಿ ಗಂಡ ಬದುಕಿದ್ದ ಎಂದು ಬರೆಯಬೇಕಾದರೆ ಆ ಗಂಡನೂ ಫಿಲ್ಮಿನಲ್ಲಿ ಕಾಣಬೇಕು. ಬಾಯಿಮಾತು ನಡೆಯುವುದಿಲ್ಲ.

ಏಳು ಸೆಕೆಂಡಿನಲ್ಲಿ ನನ್ನ ಮುಖ ಬಿಟ್ಟು ಬೇರೇನೂ ಇಲ್ಲವಲ್ಲ ಎಂದಳು ಪಿಕ್ಚರಮ್ಮ.

ಮೇಡಂ ರ‍್ಯಾಕಿನ ಕಡೆಗೆ ಹೋಗಿ ಒಂದು ಸಣ್ಣ ಡಬ್ಬಿ ತಂದಳು. ತುಕ್ಕು ಹಿಡಿದ ಮುಚ್ಚಳದ ಮೇಲೆ ಪೆನ್ಸಿಲಿನಲ್ಲಿ, ಗೇಟು, ಉಳಿಕೆ ಎಂದು ಬರೆದಿತ್ತು. ಆ ಕಾಲದಲ್ಲಿ ಕತ್ತರಿ ಹಿಡಿದವರು ತಮಗೆ ಬೇಕಾದ ತುಂಡನ್ನು ತೆಗೆದುಕೊಂಡು ಉಳಿದ ತಲೆಬಾಲವನ್ನು ಇಂಥ ಡಬ್ಬಿಗೆ ಹಾಕುತ್ತಿದ್ದರಂತೆ. ಬಿಸಾಡಲು ಅನುಮತಿ ಇಲ್ಲ, ನೋಡಲು ಪುರುಸೊತ್ತಿಲ್ಲ. ನಿಮ್ಮ ಅರ್ಜಿ ಬಂದ ಮೇಲೆ ಹುಡುಕಿಸಿದೆ, ಎರಡು ತುಂಡು ಇವೆ, ಇನ್ನೂ ತೆರೆದು ನೋಡಿಲ್ಲ ಎಂದಳು.

ಕಿಟಕಿಯ ಹತ್ತಿರ ಒಂದು ಅಗಲವಾದ ಮೇಜಿತ್ತು. ಅದರ ಮೇಲೆ ಎರಡು ತಟ್ಟೆ, ನಡುವೆ ಪುಸ್ತಕದಷ್ಟು ಅಗಲದ ಪರದೆ, ಪಕ್ಕದಲ್ಲಿ ಒಂದು ಹಿಡಿ. ಹಿಡಿ ತಿರುಗಿಸಿದರೆ ಫಿಲ್ಮು ಓಡುತ್ತದೆ, ಬಿಟ್ಟರೆ ನಿಲ್ಲುತ್ತದೆ, ಹಿಂದಕ್ಕೆ ತಿರುಗಿಸಿದರೆ ಜನ ಹಿಂದಕ್ಕೆ ನಡೆಯುತ್ತಾರೆ. ಪರದೆಯ ಕೆಳಗೆ ಸೆಕೆಂಡು ಎಣಿಸುವ ಅಂಕಿ. ಮೇಡಂ ಮೊದಲು ಬಾಲದ ತುಂಡನ್ನು, ಅಂದರೆ ಏಳು ಸೆಕೆಂಡು ಮುಗಿದ ಮೇಲಿನದನ್ನು, ಹಾಕಿದಳು. ಶಬ್ದವಿರಲಿಲ್ಲ.

ಮೊದಲು ಅದೇ ಮುಖ ಕಾಣಿಸಿತು. ಆಮೇಲೆ ಕ್ಯಾಮೆರಾ ನಿಧಾನವಾಗಿ ಹಿಂದಕ್ಕೆ ಸರಿದು, ಮುಖ ಸಣ್ಣದಾಗುತ್ತಾ ಹೋಗಿ, ಗೇಟು, ಹೊಗೆ, ಬಕೆಟ್ಟು ಹಿಡಿದು ಓಡುವವರು, ಬಲಗಡೆ ಒಂದು ಸೈಕಲ್ ಸ್ಟ್ಯಾಂಡು, ಎಲ್ಲ ಕಂಡವು. ಸೈಕಲ್ ಸ್ಟ್ಯಾಂಡಿನ ಕಡೆಯಿಂದ ಮೈಯೆಲ್ಲ ಮಸಿಯಾದ ಒಬ್ಬ ಗಂಡಸು ನಡೆದು ಬಂದು ಅಳುತ್ತಿದ್ದವಳ ತೋಳು ಹಿಡಿದ. ಅವಳು ತಿರುಗಿದಳು. ನೋಡಿದಳು. ಕೈಯಲ್ಲಿದ್ದ ಚಪ್ಪಲಿಯಿಂದ ಅವನ ಎದೆಗೆ ಎರಡೇಟು ಬಿಟ್ಟಳು. ಮೂರನೆಯದಕ್ಕೆ ಕೈ ಎತ್ತಿದಾಗ ಫಿಲ್ಮು ಮುಗಿದು ಪರದೆ ಬೆಳ್ಳಗಾಯಿತು.

ಮಗಳು ಕಣ್ಣೊರೆಸಿಕೊಂಡು ನಕ್ಕಳು. "ಅಪ್ಪ ಇದನ್ನ ಹೇಳೇ ಇರಲಿಲ್ಲ ಕಣಮ್ಮ, ಚಪ್ಪಲೀಲಿ ಹೊಡೆಸಿಕೊಂಡಿದ್ದು."

ಮೇಡಂಗೂ ಖುಷಿಯಾಗಿತ್ತು. ಕೈಗವಸು ತೆಗೆದು ಪೆನ್ನು ಹಿಡಿದು, ಇವರು ಯಾರೆಂದು ಗುರುತಿಸುತ್ತೀರಾ ಎಂದು ವಿಧಿಪ್ರಕಾರ ಕೇಳಿದಳು. ನಮ್ಮನೆಯವರು ಎಂದಳು ಪಿಕ್ಚರಮ್ಮ. ಹೇಗೆ ಗುರುತು, ಮುಖವೆಲ್ಲ ಮಸಿಯಾಗಿದೆಯಲ್ಲ ಎಂದು ಮತ್ತೆ ಕೇಳಿದಳು. ಟೋಪಿಯನ್ನು ಕಂಕುಳಲ್ಲಿ ಅವುಚಿಕೊಳ್ಳುವುದು ಅವರೊಬ್ಬರೇ ಎಂದಳು. ಅದೂ ಅರ್ಜಿಯಲ್ಲಿ ಸೇರಿತು. ಮೇಡಂ ಹೊಸ ಕಾರ್ಡು ತೆಗೆದು ಬರೆದು ಓದಿ ಹೇಳಿದಳು: ಕಾರ್ಖಾನೆಯ ಗೇಟು. ಹೆಂಗಸು ಅಳುತ್ತಾಳೆ. ಬಾಯ್ಲರ್ ಕೆಲಸಗಾರನಾದ ಆಕೆಯ ಗಂಡ ಬಂದು ತೋಳು ಹಿಡಿಯುತ್ತಾನೆ. ಹೆಂಗಸು ಅವನನ್ನು ಹೊಡೆಯುತ್ತಾಳೆ. ಹಳೆಯ ಕಾರ್ಡಿನ ಮೇಲೆ ಕೆಂಪು ಶಾಯಿಯಲ್ಲಿ ಅಡ್ಡಗೆರೆ ಎಳೆದಳು. ಇನ್ನು ಮೇಲೆ ಟೀವಿಯವರು ಏನೇ ಕೇಳಿದರೂ ಹೋಗುವುದು ಹೊಸದೇ ಎಂದು ಭರವಸೆ ಕೊಟ್ಟಳು.

ಪಿಕ್ಚರಮ್ಮ ಸಹಿ ಹಾಕಿದಳು. ಬಂದ ಕೆಲಸ ಆಗಿತ್ತು. ಗಂಡ ಆ ದಿನ ಸಾಯಲಿಲ್ಲ, ಅದಕ್ಕೆ ಕಾಗದ ಇತ್ತು. ಹಗುರಾಗಬಹುದು ಎಂದು ಅವಳು ಒಂದು ಕ್ಷಣ ಕಾದಳು. ಏನೂ ಆಗಲಿಲ್ಲ. ಬೈಂಡಿಂಗ್ ಅಂಗಡಿಯಲ್ಲಿ ಒಂದು ಪುಸ್ತಕ ಹೊಲಿದು ಪಕ್ಕಕ್ಕಿಟ್ಟ ಹಾಗಾಯಿತು.

ಮೇಡಂ ಈ ನಡುವೆ ಇನ್ನೊಂದು ಕೆಲಸಕ್ಕೆ ತೊಡಗಿದ್ದಳು. ತಲೆಯ ತುಂಡು, ನಡುವಿನ ಏಳು ಸೆಕೆಂಡಿನ ಪ್ರತಿ, ಬಾಲದ ತುಂಡು, ಮೂರನ್ನೂ ಅಂಟುಪಟ್ಟಿ ಹಾಕಿ ಒಂದಾಗಿ ಜೋಡಿಸಿದಳು. ಕತ್ತರಿಸಿದವರು ಕತ್ತರಿಸಿದರು, ನಾವಾದರೂ ಒಟ್ಟಿಗೆ ಇಡೋಣ ಎಂದಳು. ನಮ್ಮ ಫಾರಂ ಹೊಲಿದ ಹಾಗೆಯೇ ಇದೆ ನಿಮ್ಮದೂ ಎಂದಳು ಪಿಕ್ಚರಮ್ಮ. ಅದು ಅವಳು ಅಂದು ಬಂದ ಕೆಲಸ ಬಿಟ್ಟು ಆಡಿದ ಮೊದಲ ಮಾತು. ಮೇಡಂಗೆ ಏನನಿಸಿತೋ, ಒಂದು ಸಲ ಮೊದಲಿಂದ ನೋಡಿಬಿಡಿ ಎಂದು ಹಿಡಿಯನ್ನು ಅವಳ ಕೈಗೇ ಕೊಟ್ಟಳು.

ಅವಳು ತಿರುಗಿಸಿದಳು. ಗೇಟು, ಹೊಗೆ. ಇಪ್ಪತ್ತೆರಡು ವರ್ಷದ ಒಬ್ಬಳು ಒಂಟಿ ಚಪ್ಪಲಿಯಲ್ಲಿ ಓಡಿಬಂದು ನಿಂತು, ಯಾರ‍್ಯಾರನ್ನೋ ಹಿಡಿದು ಕೇಳಿ, ಅವರು ಕೈ ಕೊಡವಿಕೊಂಡು ಹೋದ ಮೇಲೆ ಅಳಲು ಶುರುಮಾಡಿದಳು. ಅಷ್ಟರಲ್ಲಿ ಗೇಟಿನ ಪಕ್ಕದ ಸಣ್ಣ ಬಾಗಿಲಿನಿಂದ ಕೆಲವರು ಕೆಮ್ಮುತ್ತಾ ಹೊರಗೆ ಬಂದರು. ಅವರಲ್ಲಿ ಒಬ್ಬ ಸೈಕಲ್ ಸ್ಟ್ಯಾಂಡಿನವರೆಗೆ ಬಂದು ನಿಂತ. ಟೋಪಿ ತೆಗೆದು ಕಂಕುಳಲ್ಲಿ ಅವುಚಿಕೊಂಡ.

ಅವಳ ಕೈ ನಿಂತಿತು. ಪರದೆಯ ಮೇಲೆ ಅವನೂ ನಿಂತ. ಅವಳು ಬಗ್ಗಿ ಅಂಕಿ ನೋಡಿದಳು, ಹದಿನೆಂಟು. ಮತ್ತೆ ತಿರುಗಿಸಿದಳು.

ಅವನು ಯಾರನ್ನೂ ಹುಡುಕುತ್ತಿರಲಿಲ್ಲ. ಅವಳನ್ನು ನೋಡುತ್ತಿದ್ದ. ಇಬ್ಬರ ನಡುವೆ ಹತ್ತು ಹೆಜ್ಜೆಯೂ ಇರಲಿಲ್ಲ. ಬಕೆಟ್ಟಿನವನೊಬ್ಬ ಹೋಗುತ್ತಾ ಅವನ ಬೆನ್ನು ತಟ್ಟಿದ, ಇವನು ತಿರುಗಲಿಲ್ಲ. ಮುಖದಲ್ಲಿ ಏನಿತ್ತು ಎಂದು ಹೇಳಲು ಮಸಿ ಬಿಡಲಿಲ್ಲ. ಕ್ಯಾಮೆರಾ ಅವಳ ಮುಖಕ್ಕೆ ಬಂತು, ಎಲ್ಲರೂ ಬಲ್ಲ ಆ ಏಳು ಸೆಕೆಂಡು ಬಂದುಹೋದವು, ಆಗಲೂ ಅವನು ಪರದೆಯ ಅಂಚಿನಾಚೆ ನಿಂತೇ ಇದ್ದನೆಂದು ಈಗ ಗೊತ್ತಾಯಿತು. ಯಾಕೆಂದರೆ ಕ್ಯಾಮೆರಾ ಹಿಂದಕ್ಕೆ ಹೋದಾಗ ಅವನು ಅದೇ ಜಾಗದಲ್ಲಿದ್ದ, ಅದೇ ಕಾಲಿನ ಮೇಲೆ ಭಾರ ಹಾಕಿಕೊಂಡು. ಆಮೇಲೆಯೇ ಹೆಜ್ಜೆ ಎತ್ತಿದ್ದು. ಅಂಕಿ ನಲವತ್ನಾಲ್ಕು ತೋರಿಸುತ್ತಿತ್ತು.

ಇಪ್ಪತ್ತಾರು ಸೆಕೆಂಡು. ಹೊರಗೆ ಬಂದವನೇ ನಿನ್ನ ಹತ್ತಿರ ಓಡಿ ಬಂದೆ ಎಂದು ಅವನು ಜೀವಮಾನವೆಲ್ಲ ಹೇಳಿದ್ದ. ಓಡಿರಲಿಲ್ಲ. ನಿಂತು ನೋಡಿದ್ದ.

ಅವಳಿಗೆ ಮರೆತೇಹೋಗಿದ್ದ ಒಂದು ಸಂಗತಿ ನೆನಪಾಯಿತು. ಆ ದಿನಕ್ಕೆ ಅವರಿಬ್ಬರೂ ಮಾತು ಬಿಟ್ಟು ನಾಲ್ಕು ದಿನವಾಗಿತ್ತು. ಮದುವೆಯಾಗಿ ಇನ್ನೂ ಎರಡನೇ ವರ್ಷ. ಜಗಳ ಯಾವುದಕ್ಕೆಂದು ಈಗ ನೆನಪಿಲ್ಲ. ನಾನು ಸತ್ತರೂ ನಿನಗೇನೂ ಅನಿಸುವುದಿಲ್ಲ ಎಂದು ಅವನು ಅಂದದ್ದು ನೆನಪಿದೆ. ಅವಳು ಹೌದು ಎಂದಿದ್ದಳು. ಅದನ್ನೇ ಪರೀಕ್ಷೆ ಮಾಡುತ್ತಾ ನಿಂತಿದ್ದನೇ? ಅಥವಾ ನಂಬಲಾಗದೆ ನಿಂತನೇ? ಕಾಲು ಬರಲಿಲ್ಲವೇ? ಇಲ್ಲ, ಇಷ್ಟು ಜೋರಾಗಿ ಯಾರೂ ತನಗಾಗಿ ಅತ್ತದ್ದನ್ನು ಅವನು ಹುಟ್ಟಿದಾಗಿನಿಂದ ನೋಡಿರಲಿಲ್ಲವೇ?

ಅವಳು ಹಿಡಿಯನ್ನು ಹಿಂದಕ್ಕೆ ತಿರುಗಿಸಿದಳು. ಅವನು ಹಿಂದಡಿ ಇಟ್ಟು ಸೈಕಲ್ ಸ್ಟ್ಯಾಂಡಿಗೆ ಹೋಗಿ ನಿಂತ. ಮುಂದಕ್ಕೆ ತಿರುಗಿಸಿದಳು, ಬಂದ. ಮೂರು ಸಲ ಹಾಗೆ ಮಾಡಿದಳು. ಕಿವಿಯ ಹಿಂದೆ ಬಿಸಿಯಾಯಿತು. ಕೋಪ ಬಂದಿತ್ತು. ಎರಡು ತಿಂಗಳ ಮೇಲೆ ಮೊದಲನೇ ಸಲ ಏನೋ ಒಂದು ಬಂದಿತ್ತು, ಮತ್ತು ಅದು ಒಳ್ಳೆಯ ಗಟ್ಟಿಮುಟ್ಟಾದ ಕೋಪವೇ ಆಗಿತ್ತು.

"ನೋಡೇ ಇಲ್ಲಿ, ನೋಡು ನಿಮ್ಮಪ್ಪನ್ನ," ಎಂದಳು. "ನನ್ನ ಜೀವ ಹೋಗ್ತಾ ಇದೆ ಅಲ್ಲಿ. ಇವರು ಆರಾಮಾಗಿ ನಿಂತು ನೋಡ್ತಾ ಇದಾರೆ. ಮೂವತ್ತೆಂಟು ವರ್ಷ ಬಾಯಿಬಿಡಲಿಲ್ಲ, ಎಂಥಾ ಗುಮ್ಮನಗುಸುಕ."

ಮಗಳು ಬಗ್ಗಿ ನೋಡಿ ಏನೋ ಹೇಳಲು ಹೋದಳು. ಅಮ್ಮ ಕೇಳಿಸಿಕೊಳ್ಳುವ ಸ್ಥಿತಿಯಲ್ಲಿರಲಿಲ್ಲ. ಹಿಡಿ ಬಿಟ್ಟು ಎದ್ದು, ಚೀಲ ಹೆಗಲಿಗೆ ಹಾಕಿಕೊಂಡು, ಮೇಡಂಗೆ ತುಂಬ ಉಪಕಾರವಾಯಿತು ಎಂದು ಅವಸರದಲ್ಲಿ ಹೇಳಿ, ರ‍್ಯಾಕುಗಳ ನಡುವೆ ದಡದಡನೆ ನಡೆದಳು. ಎರಡು ತಿಂಗಳಿಂದ ಕಾಲೆಳೆಯುತ್ತಿದ್ದವಳು ಇವಳೇನಾ ಎನ್ನುವ ಹಾಗಿತ್ತು ನಡಿಗೆ. ಬಾಗಿಲ ಹಿಡಿಗೆ ಕೈಹಾಕಿ ತಿರುಗಿದಳು.

"ಬಾ ಬೇಗ. ಮನೆಗೆ ಹೋಗಿ ಕೇಳ್ತೀನಿ. ಅವತ್ತು ಯಾಕೆ ನಿಂತಿದ್ರಿ ಅಂತ ಹೇಳೋವರೆಗೂ ಇವತ್ತು ಬಿಡಲ್ಲ ಅವರನ್ನ."

ಮಗಳು ಮೇಜಿನ ಹತ್ತಿರವೇ ನಿಂತಿದ್ದಳು. ಮೇಡಂ ಡಬ್ಬಿಯ ಮುಚ್ಚಳ ಹಿಡಿದುಕೊಂಡು ನೆಲ ನೋಡುತ್ತಿದ್ದಳು.

ಏನೇ, ಬರುವುದಿಲ್ಲವೇ ಎಂದು ಅವಳು ಮತ್ತೆ ಕೇಳಿದಳು. ಪಿಕ್ಚರಮ್ಮ ಮಗಳ ಮುಖವನ್ನು ನೋಡುತ್ತಾ ನಿಂತಳು. ಬಾಗಿಲ ಹಿಡಿ ತಣ್ಣಗಿತ್ತು, ಅವಳ ಕೈ ಅದನ್ನು ಬಿಡಲಿಲ್ಲ.

"ಮನೇಲಿಲ್ಲ ಅಲ್ವೇನೇ ಅವರು," ಎಂದಳು.